ಮೇಡಂ ತಿರುವು

ಒದ್ದೆ ದುಪ್ಪಟಿಯ ಒಂದು ತುದಿಯನ್ನು ನಲ್ಲಿಗೆ ಸುತ್ತಿ, ಇನ್ನೊಂದು ತುದಿಯನ್ನು ಎರಡೂ ಕೈಯಲ್ಲಿ ಹಿಡಿದು ತಿರುಚುತ್ತಿದ್ದಳು. ನೀರು ಇಳಿಯಿತು, ಮುಕ್ಕಾಲು ಪಾಲು ಅವಳ ಪಾದದ ಮೇಲೆ. ದುಪ್ಪಟಿ ಹಿಂಡುವುದು ಇಬ್ಬರ ಕೆಲಸ. ನಲ್ಲಿಯೇ ಎರಡನೆಯವಳೆಂದು ತನ್ನನ್ನು ನಂಬಿಸಿಕೊಂಡು ವರ್ಷಗಳಾಗಿದ್ದವು. ನಲ್ಲಿಗೆ ಒಂದು ಒಳ್ಳೆಯ ಗುಣವಿತ್ತು: ಅದು ಮಾತಾಡುತ್ತಿರಲಿಲ್ಲ.

ತಂತಿಯ ಮೇಲೆ ಹರವಿ, ಕೈ ಒರೆಸಿಕೊಂಡು ಕೆಲಸಕ್ಕೆ ಹೊರಟಳು.

ಅವಳು ನಕ್ಷೆಗಾರ್ತಿ. ಅವಳ ಕಂಪನಿ ಮಾರುತ್ತಿದ್ದುದು ಕಳೆದುಹೋದ ದಿನಗಳಿಗೆ ದಾರಿ. ಗಿರಾಕಿ ಬಂದು, “ನನ್ನ ಮಗು ಮೊದಲ ಹೆಜ್ಜೆ ಇಟ್ಟ ಬೆಳಿಗ್ಗೆ” ಎಂದರೆ ಸಾಕು, ಅಲ್ಲಿಗೆ ದಾರಿ ಬರೆದು, ಮಡಚಿ, ಕೈಗಿಡುತ್ತಿದ್ದರು. ಗಿರಾಕಿ ಕಂಪನಿಯ ಹಿಂಬಾಗಿಲಿನಿಂದ ಹೋಗಿ, ನೋಡಿ, ವಾಪಸು ಬರಬೇಕು. ಅಲ್ಲಿ ಏನನ್ನೂ ಮುಟ್ಟುವಂತಿಲ್ಲ. ಕೂಗಿದರೂ ಅಲ್ಲಿಯವರಿಗೆ ಕೇಳುವುದಿಲ್ಲ. ಯಾರ ದಿನಕ್ಕೆ ಹೋಗಬೇಕಾದರೂ ಹೆದ್ದಾರಿ ಒಂದೇ. ಕವಲು ಒಡೆಯುವುದು ಆಮೇಲೆ.

ಆ ಹೆದ್ದಾರಿಯ ಒಂದು ಕಡೆ ಅವಳ ಗೆರೆ ಬಾಗುತ್ತಿತ್ತು. ಒಂದು ಮಧ್ಯಾಹ್ನವನ್ನು ಮುಟ್ಟದೆ ಸುತ್ತಿಕೊಂಡು ಹೋಗಿ, ಏನೂ ಆಗದವರಂತೆ ಮತ್ತೆ ನೆಟ್ಟಗಾಗುತ್ತಿತ್ತು. ಕಿರಿಯರು ಅದಕ್ಕೆ ‘ಮೇಡಂ ತಿರುವು’ ಎಂದು ಹೆಸರಿಟ್ಟು, ಅದರಲ್ಲೇನೋ ಶಾಸ್ತ್ರವಿರಬೇಕೆಂದು ತಾವೂ ಬಾಗಿಸುತ್ತಿದ್ದರು. ಹೊಸಬರ ತರಬೇತಿಯಲ್ಲಿ ಅದರ ಮೇಲೊಂದು ಪಾಠವಿತ್ತು. ಪಾಠ ಮಾಡುವವಳೂ ಅವಳೇ.

ಕಚೇರಿಯಲ್ಲಿ ತುತ್ತೂರಿಯಜ್ಜ ಕಾಯುತ್ತಿದ್ದ. ಬ್ಯಾಂಡಿನಲ್ಲಿ ಊದಿ ಊದಿ ಕೆನ್ನೆ ಜೋತುಬಿದ್ದ ಮುದುಕ. ತಾನು ಮೊಟ್ಟಮೊದಲು ತಪ್ಪಿಲ್ಲದೆ ಊದಿದ ಸಂಜೆಗೆ ದಾರಿ ಕೊಂಡಿದ್ದ.

“ಹೋಗಿಬಂದ್ರಾ ಅಜ್ಜಾ?”

“ಬಂದೆ ತಾಯಿ. ಏನು ಊದಿದ್ದೆ ಅಂತೀಯಾ! ನನ್ನ ಮೇಲೆ ನನಗೇ ಹೊಟ್ಟೆಕಿಚ್ಚಾಯ್ತು.” ನಕ್ಕು, ಕೆಮ್ಮಿ, ಮಂಡಿ ನೀವಿಕೊಂಡ. “ಆದ್ರೆ ನಿನ್ನ ದಾರಿ ಇದೆಯಲ್ಲ, ನಡುವೆ ದಿಕ್ಕು ತಪ್ಪಿದ ಮೆರವಣಿಗೆ ಥರ ಸುತ್ತಿಸುತ್ತೆ. ಅಲ್ಲೇನು ಹುಲಿ ಕಟ್ಟಿಹಾಕಿದ್ದೀಯಾ?”

“ಹಳ್ಳ ಇದೆ.”

ಮ್ಯಾನೇಜರ್ ಕನ್ನಡಕದ ಮೇಲಿಂದ ನೋಡಿದ. “ಅಳೆದಿದ್ದೀರಾ ಮೇಡಂ?”

“ಅಂದಾಜಿದೆ.”

“ಅಂದಾಜಿನ ಮೇಲೆ ಇಷ್ಟು ವರ್ಷ ಜನರನ್ನ ಸುತ್ತಿಸಿದ್ರಾ?”

“ಯಾರೂ ಬಿದ್ದಿಲ್ಲವಲ್ಲ.”

“ಒಂದ್ಸಲ ನೋಡ್ಕೊಂಡು ಬನ್ನಿ. ಅಲ್ಲೀತನಕ ಅಜ್ಜನಿಗೆ ಕಾಫಿ ಕೊಡಿಸ್ತೀನಿ.”

“ಸಕ್ಕರೆ ಮುಂದಾಗಿ ಹಾಕ್ಸಪ್ಪ,” ಅಂದ ಅಜ್ಜ.

ಅಳತೆಯ ಟೇಪು ಹಿಡಿದು ಹಿಂಬಾಗಿಲು ದಾಟಿದಳು. ಆ ತಿರುವಿನಲ್ಲಿ ಏನಿದೆಯೆಂದು ಅವಳಿಗೆ ಗೊತ್ತಿತ್ತು. ಹಿತ್ತಲು. ಅಕ್ಕ, ತಾನು, ನಡುವೆ ದುಪ್ಪಟಿ. ತಂಗಿ ಓದಲೆಂದು ತನ್ನ ಓದು ಬಿಟ್ಟ ಅಕ್ಕ. ಹಾಸ್ಟೆಲಿನಿಂದ ರಜೆಗೆ ಬಂದ ತಂಗಿ. “ಓದಿದೋರ ಕೈಗೆ ಒದ್ದೆಬಟ್ಟೆ ಭಾರ ಕಣೇ,” ಎಂದಿದ್ದಳು ಅಕ್ಕ. ಅಷ್ಟಕ್ಕೇ ತಂಗಿ ತುದಿ ಬಿಟ್ಟುಬಿಟ್ಟಳು. ಆ ಕಡೆ ಎಳೆಯುತ್ತಿದ್ದ ಅಕ್ಕ ಕೆಸರಿಗೆ ಬಿದ್ದಳು. ತಿರುಗಿಯೂ ನೋಡದೆ ಚೀಲ ಹೊತ್ತು ಹೊರಟವಳು ಮತ್ತೆ ಆ ಮನೆಗೆ ಹೋಗಿರಲಿಲ್ಲ.

ಆಮೇಲೆ ಅಕ್ಕನ ಕಾಗದ ಬಂದಿತ್ತು: ಹೇಗಿದ್ದೀಯೇ? ಕ್ಷೇಮ, ಕೆಲಸ ಚೆನ್ನಾಗಿದೆ ಎಂದು ಉತ್ತರ ಬರೆದು, ಸ್ಟ್ಯಾಂಪು ಹಚ್ಚಿ, ಪರ್ಸಿನಲ್ಲಿಟ್ಟಳು. ಪರ್ಸುಗಳು ಹರಿದವು, ಕಾಗದ ಒಂದರಿಂದ ಇನ್ನೊಂದಕ್ಕೆ ಮನೆ ಬದಲಾಯಿಸುತ್ತಾ ಬಂತು. ಪೋಸ್ಟ್ ಡಬ್ಬಿಗೆ ಹಾಕಲು ಹೋದಾಗಲೆಲ್ಲ ತಾನು ನೋಡದ ಆ ಮುಖ, ಕೆಸರಿನಲ್ಲಿ ಕೂತು ಅಳುವ ಮುಖ, ಅಡ್ಡ ಬರುತ್ತಿತ್ತು.

ಹಿತ್ತಲಿನಲ್ಲಿ ಒಳ್ಳೆಯ ಬಿಸಿಲಿತ್ತು. ಮೂಗು ಮೇಲೆತ್ತಿದ ಸಣಕಲು ಹುಡುಗಿಯೊಬ್ಬಳು ತುದಿ ಬಿಸುಟು ನಡೆದಳು. ಅಕ್ಕ ದೊಪ್ಪನೆ ಕೂತಳು. ಇವಳು ಕಣ್ಣು ಮುಚ್ಚಿಕೊಂಡಳು.

ತೆರೆದಾಗ ಅಕ್ಕ ನಗುತ್ತಿದ್ದಳು. ಮೂಗಿನ ತುದಿಗೆ ಕೆಸರು, ತೊಡೆಯ ಮೇಲೆ ದುಪ್ಪಟಿ. ಹೊಟ್ಟೆ ಹಿಡಿದುಕೊಂಡು, ಉಸಿರು ಸಿಕ್ಕದಷ್ಟು ನಗು. “ಲೇ ಪಂಡಿತೇ! ಎಬ್ಬಿಸು ಬಾರೇ! ನಿನ್ನ ತುದಿ ಯಾರು ಹಿಡೀತಾರೆ, ನಿಮ್ಮ ಪ್ರಿನ್ಸಿಪಾಲಾ?”

ಮಾತು ಮುಗಿಯುವಷ್ಟರಲ್ಲಿ ಆಚೆ ಗೇಟು ಬಡಿದಿತ್ತು.

ಅಕ್ಕ ಸ್ವಲ್ಪ ಹೊತ್ತು ಕಾದಳು. ಆಮೇಲೆ ಎದ್ದು, ದುಪ್ಪಟಿಯ ತುದಿಯನ್ನು ನಲ್ಲಿಗೆ ಸುತ್ತಿ ಒಬ್ಬಳೇ ಹಿಂಡತೊಡಗಿದಳು. ಆಗಾಗ ಗೇಟಿನ ಕಡೆ ನೋಡುತ್ತಾ, ಇನ್ನೂ ಬಿಟ್ಟುಬಿಟ್ಟು ನಗುತ್ತಾ.

ನಕ್ಷೆಗಾರ್ತಿಗೂ ನಗು ಬಂತು. ತಡೆಯಲಿಲ್ಲ. ಕೇಳುವವರು ಯಾರೂ ಇರಲಿಲ್ಲ.

ವಾಪಸು ಬಂದಾಗ ಮ್ಯಾನೇಜರ್ ಕೇಳಿದ: “ಹಳ್ಳ ಎಷ್ಟಿದೆ ಮೇಡಂ?”

“ಒಬ್ಬರು ಕೂರುವಷ್ಟು.” ರಬ್ಬರು ತೆಗೆದುಕೊಂಡು ತಿರುವನ್ನು ಉಜ್ಜಿ ಅಳಿಸಿದಳು. ಹೊಸಬರು ಪಾಠ ಹೋಯಿತೆಂದು ಪೆಚ್ಚಾಗಿ ನೋಡಿದರು.

“ಹುಲಿ ಸಿಕ್ತಾ ತಾಯಿ?”

“ಸಿಕ್ತು ಅಜ್ಜಾ. ನಗ್ತಾ ಇತ್ತು.”

ಸಂಜೆ ಪೋಸ್ಟ್ ಡಬ್ಬಿಯ ಮುಂದೆ ನಿಂತು, ಪರ್ಸಿನಿಂದ ಆ ಹಳೆಯ ಕಾಗದ ತೆಗೆದು ಕವರಿನ ಬೆನ್ನಿನ ಮೇಲೆ ಬರೆದಳು: ಬಂದು ನನ್ನ ತುದಿ ಹಿಡ್ಕೊಳ್ಳಲಾ ಅಕ್ಕಾ? ಕಾಗದವನ್ನು ಡಬ್ಬಿಯ ಬಾಯಿಗೆ ಅರ್ಧ ತೂರಿಸಿದಳು. ಆ ಬದಿಯಿಂದ ಯಾರೋ ಮೆಲ್ಲನೆ ಎಳೆದಂತಾಯಿತು.

ಕೈ ಬಿಟ್ಟಳು.

ಬಿದ್ದ ಸದ್ದು ಕೇಳಿಸಲಿಲ್ಲ. ಮುಖದ ನಗು ಹಾಗೇ ಇತ್ತು. ಖಾಲಿ ಕೈಗಳನ್ನು ದುಪ್ಪಟಿ ಹಿಡಿದಂತೆ ಮುಂದೆ ಚಾಚಿಕೊಂಡು, ಕಿವಿಗೊಟ್ಟು, ನಿಂತೇ ಇದ್ದಳು.