ಹದ್ದುಗಳ ಪಾಠ

ಶನಿವಾರ ನಾಲ್ಕು ಗಂಟೆಗೆ ಸ್ವಾಗತ, ಅದಾದ ಮೇಲೆ ಕವಯಿತ್ರಿಯ ಪರಿಚಯ, ನಂತರ ಒಂದು ಕವಿತೆಯ ಕನ್ನಡ ವಾಚನ, ಕೊನೆಗೆ ಪರದೆಯ ಮೇಲೆ ಕವಯಿತ್ರಿಯೊಡನೆ ಮಾತುಕತೆ: ಖಾನಾಪುರದ ಕಾಲೇಜಿನಲ್ಲಿ ನಿಗದಿಯಾಗಿದ್ದ ಕ್ರಮ ಇದು. ಪರಿಚಯವೂ ವಾಚನವೂ ಪೂರ್ಣಿಮಾಳ ಪಾಲಿಗೆ ಬಂದಿದ್ದವು. ಭೌತಶಾಸ್ತ್ರದಲ್ಲಿ ಎಂ.ಎಸ್ಸಿ. ಮುಗಿಸಿದ ಅವಳು ಬೆಳಗಾವಿಯ ಶಿವಬಸವ ನಗರದ ಮನೆಯಲ್ಲಿ ಕುಳಿತು ಪ್ಯಾಲೆಸ್ತೀನಿನ ರುಬಾ ನಖ್ಲಾವಿಯವರ ಕವಿತೆಗಳನ್ನು ಇಂಗ್ಲಿಷಿನಿಂದ ಕನ್ನಡಕ್ಕೆ ತರುತ್ತಿದ್ದಳು. ಇಡೀ ಸಂಕಲನದ ಅನುವಾದಕ್ಕೆ ಒಪ್ಪಿಗೆ ಕೊಡುವುದೋ ಬಿಡುವುದೋ ಈ ವಾಚನ ಕೇಳಿದ ಮೇಲೆಯೇ ಹೇಳುತ್ತೇನೆಂದು ರುಬಾ ತಿಳಿಸಿದ್ದರು.

ಕಾರ್ಯಕ್ರಮಕ್ಕೆ ಮುಂಚೆ, ಸಂಘಟಕರಾದ ಕನ್ನಡ ಅಧ್ಯಾಪಕ ಗೌರೀಶ ಸರ್ ಅವಳ ಹಾಳೆ ಓದಿ ಹಣೆ ಹಣೆ ಬಡಿದುಕೊಂಡರು.

“ಏನ್ರಿ ಪೂರ್ಣಿಮಾ, ‘ಗಡಿ’ ಅಂತ ಬರದೀರಲ್ಲ! ನಮ್ಮ ಜಿಲ್ಲಾದಾಗ ಮೈಕ್ ಮುಂದ ಆ ಶಬ್ದ ಅಂದ್ರ ಮುಗೀತು. ಅರ್ಧ ಮಂದಿ ಚಪ್ಪಾಳಿ, ಅರ್ಧ ಮಂದಿ ಘೋಷಣಾ. ಕವಿತಾ ಕೇಳಾವ್ರ್ಯಾರು?”

“ಸರ್, ಅವರು ಬರದದ್ದ ಗಡಿ ಬಗ್ಗೆರಿ.”

“ಅಲ್ಲೆ ಬರೀಲಿ. ಇಲ್ಲೆ ನೀವು ಹದ್ದು ಮೀರಬ್ಯಾಡ್ರಿ!”

ಬೈಗುಳದಲ್ಲೇ ಬೇಕಾದ ಶಬ್ದ ಸಿಕ್ಕಿತ್ತು. ಪೂರ್ಣಿಮಾ ‘ಗಡಿ’ಯನ್ನು ಹೊಡೆದುಹಾಕಿ ‘ಹದ್ದು’ ಎಂದು ತಿದ್ದಿದಳು.

ಪರಿಚಯ ಸುಸೂತ್ರವಾಗಿ ಸಾಗಿತು. ರುಬಾ ಹುಟ್ಟಿದ್ದು ನಾಬ್ಲುಸಿನಲ್ಲಿ, ಸಾಬೂನು ಮಾಡುವ ಮನೆತನದಲ್ಲಿ. ರಾಜ್ಯಶಾಸ್ತ್ರ ಓದಿದ್ದು ಅಮ್ಮಾನಿನಲ್ಲಿ. ಚೆಕ್‌ಪೋಸ್ಟುಗಳಲ್ಲಿ ಜನರನ್ನು ಕಾಯಿಸುವುದೂ ಒಂದು ಬಗೆಯ ಆಳ್ವಿಕೆ ಎಂಬುದು ಅವರ ಪಿಎಚ್.ಡಿ. ಪ್ರಬಂಧದ ವಾದ. ಅದಕ್ಕೆಂದು ಸರತಿಯಲ್ಲಿ ನಿಂತಾಗಲೇ ಕವಿತೆ ಬರೆಯತೊಡಗಿದರು. ಪ್ರಬಂಧವನ್ನು ಮೂವರು ಪರೀಕ್ಷಕರಷ್ಟೇ ಓದಿದರು, ಕವಿತೆಗಳನ್ನು ಹಿಂದೆ ನಿಂತವರೆಲ್ಲ ಇಣುಕಿ ಓದಿದರು ಎಂದು ಅವರೇ ತಮಾಷೆ ಮಾಡುವುದುಂಟು.

ನಂತರ ಪೂರ್ಣಿಮಾ ಕವಿತೆ ಎತ್ತಿಕೊಂಡಳು:

“ಮೂವತ್ತು ವರ್ಷ ನಾನು ಹದ್ದುಗಳ ಪಾಠ ಹೇಳಿದೆ.
ಅಜ್ಜಿಯ ಆಡು ಒಂದು ದಿನವೂ ತರಗತಿಗೆ ಬರಲಿಲ್ಲ,
ಅದಕ್ಕೇ ಅದು ದಾಟಿತು.”

ಮುಂದಿನ ಸಾಲಿನಲ್ಲಿದ್ದ ನಿವೃತ್ತ ಶಿಕ್ಷಕಿ ಅಕ್ಕಾತಾಯಿ ಬಾಜುದವರಿಗೆ ಪಿಸುಗುಟ್ಟಿದ್ದು ಸಭೆಗೆಲ್ಲ ಕೇಳಿತು. “ಗಿಳಿಗಿ ಮಾತ ಕಲಸೂದು ಕೇಳಿದ್ದೆ. ಈಕಿ ಹದ್ದಿಗೆ ಪಾಠಾ ಹೇಳಿದ್ಲಂತಲ್ಲವ್ವಾ!”

ಸಭೆ ಗೊಳ್ಳೆಂದು ನಕ್ಕಿತು. ಪರದೆಯ ಮೇಲೆ ರುಬಾ ಹುಬ್ಬು ಗಂಟಿಕ್ಕಿ, ಏಕೆ ನಗುತ್ತಿದ್ದಾರೆಂದು ಕೇಳಿದರು. ಸಂಕಲನ ಕೈತಪ್ಪಿತೆಂದುಕೊಂಡೇ ಪೂರ್ಣಿಮಾ ಇಂಗ್ಲಿಷಿನಲ್ಲಿ ವಿವರಿಸಿದಳು: ಗಡಿಗೆ ಹದ್ದು ಎಂಬ ಶಬ್ದ ಹಾಕಿದ್ದೇನೆ, ಅದೇ ಹೆಸರಿನ ಹಕ್ಕಿಯೂ ಒಂದಿದೆ.

“ಹದ್?” ರುಬಾ ಕ್ಯಾಮೆರಾದತ್ತ ಬಾಗಿದರು. “ಅರಬ್ಬಿಯಲ್ಲಿ ನಾನು ಬರೆದದ್ದೂ ಅದನ್ನೇ! ಇಂಗ್ಲಿಷಿನಲ್ಲಿ ಕಳೆದುಹೋಗಿತ್ತು. ನಿಮಗೆಲ್ಲಿ ಸಿಕ್ಕಿತು?”

“ನಮ್ಮ ಮನ್ಯಾಗ ಮರಾಠಿವಳಗೂ ಹದ್ದ ಅಂತೇವ್ರಿ,” ಎಂದ ಧ್ವನಿವರ್ಧಕ ನೋಡಿಕೊಳ್ಳುತ್ತಿದ್ದ ವಿದ್ಯಾರ್ಥಿ ಅನಿಕೇತ.

“ಆ ಶಬ್ದ ಕೊಟ್ಟಾಂವ ನಾನ!” ಎಂದು ಗೌರೀಶ ಸರ್ ಮೈಕಿಗೆ ಕೈ ಚಾಚಿದರು.

ರುಬಾ ನಕ್ಕರು. “ಸಂಕಲನ ನಿಮ್ಮದು, ಪೂರ್ಣಿಮಾ. ಆ ಹಕ್ಕಿಯನ್ನು ಮಾತ್ರ ಓಡಿಸಬೇಡಿ.”

ಬೆಳಗಾವಿಗೆ ಮರಳುವ ಬಸ್ಸಿನಲ್ಲೇ ಅವಳು ಸಂಕಲನದ ಮೊದಲ ಟಿಪ್ಪಣಿ ಬರೆದಳು: ಗಡಿ ಎಂಬ ಅರ್ಥದ ಹದ್ದು ಅರಬ್ಬಿಯಿಂದ ಬಂದದ್ದು, ಹಾರುವ ಹದ್ದು ಕನ್ನಡದ್ದೇ.