ಎಡಗೈಗೆ ರಜೆ

ಕೊಚ್ಚಿಯ ವೀಸಾ ಕೇಂದ್ರದಲ್ಲಿ ಬೆರಳಚ್ಚಿನ ಯಂತ್ರದ ಮೇಲೆ ಬಲಗೈ ಇಟ್ಟಾಗ ಹಸಿರು ದೀಪ ಬಂತು. ಎಡಗೈ ಇಟ್ಟಾಗ ಕೆಂಪು. ಒರೆಸಿ ಇಟ್ಟರೂ ಕೆಂಪು, ಒತ್ತಿ ಇಟ್ಟರೂ ಕೆಂಪು. ಹೆಬ್ಬೆರಳು, ತೋರುಬೆರಳು, ನಡುಬೆರಳು, ಈ ಮೂರರಲ್ಲಿ ಯಂತ್ರಕ್ಕೆ ಏನೂ ಕಾಣಿಸಲಿಲ್ಲವಂತೆ. ಕಾಣಿಸುವುದಕ್ಕೆ ಏನಾದರೂ ಉಳಿದಿದ್ದರೆ ತಾನೆ! ಸುಧರ್ಮಾ ಮದುವೆಗೆ ಮೊದಲಿನಿಂದಲೂ ಕೊಲ್ಲಂನ ಗೇರುಬೀಜದ ಕಾರ್ಖಾನೆಯಲ್ಲಿ ಎಡಗೈಯಲ್ಲಿ ಬೀಜವನ್ನು ಕಲ್ಲಿನ ಮೇಲೆ ಹಿಡಿದು, ಬಲಗೈಯ ಕೊಡತಿಯಿಂದ ಒಡೆದುಕೊಂಡು ಬಂದವಳು. ಸಿಪ್ಪೆಯ ಸೊನೆ ಆ ಮೂರು ಬೆರಳುಗಳ ಗೆರೆಗಳನ್ನು ಯಾವ ಕಾಲಕ್ಕೋ ತಿಂದು ಮುಗಿಸಿತ್ತು.

"ಚೇಚಿ, ಕೈಗೆ ಸ್ವಲ್ಪ ದಿನ ರೆಸ್ಟ್ ಕೊಡಿ. ಚರ್ಮ ಬೆಳೆದ್ಮೇಲೆ ಬನ್ನಿ" ಎಂದಳು ಕೌಂಟರಿನ ಹುಡುಗಿ. ಪಾಪ, ಅಕ್ಕಾ ಎನ್ನುವ ಹಾಗೆ ಚೇಚಿ ಎಂದು ಮೆತ್ತಗೇ ಹೇಳಿದಳು.

ಹೆದರಿಸಿದವನು ಅವಳ ವೀಸಾದ ಕೆಲಸ ನೋಡಿಕೊಳ್ಳುತ್ತಿದ್ದ ಟ್ರಾವೆಲ್ಸಿನ ನಿಜಾಮ್. ಹೊರಗೆ ಬಂದದ್ದೇ ಅವನು ದನಿ ತಗ್ಗಿಸಿ, "ಚೇಚಿ, ಸೌದಿಯಿಂದ ಗಡೀಪಾರಾದೋರು ಬೆರಳು ಉಜ್ಜಿ ಗೆರೆ ಅಳಿಸ್ಕೊಂಡು ಮತ್ತೆ ನುಗ್ಗೋಕೆ ನೋಡ್ತಾರೆ. ಸಿಕ್ಕಿಬಿದ್ರೆ ಜೈಲು. ಇನ್ನೊಂದ್ಸಲ ಕೆಂಪು ಬಂದ್ರೆ ನಿಮ್ಮನ್ನೂ ಅದೇ ಸಾಲಿಗೆ ಸೇರಿಸಿಬಿಟ್ಟಾರು. ಎಡಗೈ ಸರಿ ಮಾಡ್ಕೊಳ್ಳಿ, ಅಷ್ಟೇ" ಎಂದ. ಅವನಿಗೇನು, ಹೇಳಿ ಬೀಡಾ ಹಾಕಿಕೊಂಡ.

ಹೋಗಲೇಬೇಕಿತ್ತು ಅವಳು. ಮಗಳು ಸಿಮಿ ಸೌದಿಯ ದಮ್ಮಾಮಿನಲ್ಲಿ ನರ್ಸು, ತುಂಬು ಬಸುರಿ. ಅಳಿಯ ಕಡಲಿನ ನಡುವೆ ಎಣ್ಣೆ ಬಾವಿಯ ಮೇಲೆ ಕೆಲಸಕ್ಕಿರುವವನು, ಹೋದರೆ ತಿಂಗಳುಗಟ್ಟಲೆ ನೆಲ ಮುಟ್ಟುವುದಿಲ್ಲ. ಹೋದ ವರ್ಷ ಹೀಗೇ ಅವನಿಲ್ಲದಾಗ ಸಿಮಿಗೆ ಏಳನೇ ತಿಂಗಳಲ್ಲಿ ನೋವು ಕಾಣಿಸಿಕೊಂಡಿತ್ತು. ಬಾಗಿಲಿಗೆ ಒಳಗಿನಿಂದ ಚಿಲಕ ಹಾಕಿ ಬಚ್ಚಲಲ್ಲಿ ಬಿದ್ದಿದ್ದಳು. ಹೊರಗಿನವರು ಒಳಗೆ ಬರುವಷ್ಟರಲ್ಲಿ ತಡವಾಗಿತ್ತು, ಮಗು ಉಳಿಯಲಿಲ್ಲ. ಈ ಸಲ ದಿನವೂ ಫೋನಿನಲ್ಲಿ ಒಂದೇ ಮಾತು. "ಅಮ್ಮ, ರಾತ್ರಿ ಚಿಲಕ ಹಾಕೋಕೆ ಹೆದರಿಕೆ, ಹಾಕದೇ ಇರೋಕೂ ಹೆದರಿಕೆ. ನೀನು ಬಂದುಬಿಡು."

ಸುಧರ್ಮಾ ಕೆಲಸಕ್ಕೆ ರಜೆ ಹಾಕಿದಳು. ಎಡಗೈಯನ್ನು ಎಳೆಗೂಸಿನಂತೆ ನೋಡಿಕೊಂಡಳು. ಅದಕ್ಕೆ ತೆಂಗಿನೆಣ್ಣೆ ಹಚ್ಚಿದಳು, ಹಳೇ ಮುಂಡು ಪಂಚೆಯ ಬಟ್ಟೆ ಸುತ್ತಿದಳು. ಮೀನು ಕ್ಲೀನು ಮಾಡುವುದನ್ನು ಬಿಟ್ಟಳು, ಪಾತ್ರೆಯನ್ನು ಒಂದೇ ಕೈಯಲ್ಲಿ ತಿಕ್ಕಿದಳು. ನೆರೆಯವರು, "ಏನು ಸುಧರ್ಮಾ, ಕೈಗೆ ಬಾಣಂತನವಾ?" ಎಂದು ನಕ್ಕರು. ನಗಲಿ ಬಿಡಿ. ಬೆಳಗಾಗೆದ್ದರೆ ಅವಳು ಕಿಟಕಿಯ ಬಳಿ ನಿಂತು ಬೆರಳನ್ನು ಬೆಳಕಿಗೆ ಹಿಡಿಯುತ್ತಿದ್ದಳು. ಮೊದಲು ಕಪ್ಪು ಸಿಪ್ಪೆ ಸುಲಿಯಿತು, ಕೆಳಗೆ ಎಳೇ ಕೆಂಪು ಬಂತು, ಆಮೇಲೆ ಒಂದು ದಿನ ಹೆಬ್ಬೆರಳಿನ ತುದಿಯಲ್ಲಿ ಗೆರೆ! ಸಣ್ಣದು, ಇದ್ದೂ ಇಲ್ಲದಂಥದು. ಅವಳಿಗೆ ಸಂತೋಷವಾಗುವ ಬದಲು ಇನ್ನಷ್ಟು ದಿಗಿಲಾಯಿತು. ಕಳೆದುಕೊಳ್ಳುವುದಕ್ಕೆ ಈಗ ಏನೋ ಇದೆಯಲ್ಲ. ಬಾಗಿಲು ಹಾಕುವಾಗ, ತರಕಾರಿ ಹೆಚ್ಚುವಾಗ, ಬಸ್ಸಿನ ಕಂಬಿ ಹಿಡಿಯುವಾಗ ಎಡಗೈ ತಾನಾಗೇ ಹಿಂದೆ ಸರಿಯುತ್ತಿತ್ತು.

ಕೊಚ್ಚಿಗೆ ಮತ್ತೆ ಹೋಗುವುದಕ್ಕೆ ನಾಲ್ಕೈದು ದಿನ ಉಳಿದಿರುವಾಗ ಕಾರ್ಖಾನೆಯ ಗೆಳತಿ ತುಳಸಿ ಏದುಸಿರು ಬಿಡುತ್ತಾ ಬಂದಳು.

"ಪೊನ್ನಮ್ಮ ಚೇಚಿಗೆ ಜ್ವರ ಕಣೇ. ಗಂಟುಗಂಟೆಲ್ಲ ಊದ್ಕೊಂಡಿದೆ, ಲೋಟ ಹಿಡಿಯೋಕಾಗಲ್ಲ. ಇವತ್ತು ಕಾರ್ಖಾನೆ ಕಡೇ ದಿನ, ಸರಕು ಮುಗೀತು, ಬಾಗಿಲು ಹಾಕ್ತಾರೆ. ಅವ್ರಿಗೆ ಒಂದೇ ಒಂದು ಹಾಜರಿ ಕಮ್ಮಿ."

ಒಂದು ಹಾಜರಿ ಎಂದರೆ ಏನೆಂದು ಸುಧರ್ಮಾಳಿಗೆ ಯಾರೂ ಬಿಡಿಸಿ ಹೇಳಬೇಕಿರಲಿಲ್ಲ. ಇಷ್ಟು ದಿನ ಎಂದು ಗೊತ್ತುಮಾಡಿದ ಹಾಜರಿ ತುಂಬದಿದ್ದರೆ ಇಎಸ್‌ಐ ಆಸ್ಪತ್ರೆಯ ಕಾರ್ಡು ನಡೆಯುವುದಿಲ್ಲ. ಅವಳ ಜೊತೆಯಲ್ಲೇ ಬೀಜ ಒಡೆಯುವ ಪೊನ್ನಮ್ಮನ ಗಂಡನಿಗೆ ಎರಡೂ ಮೂತ್ರಪಿಂಡ ಹೋಗಿ, ಆ ಕಾರ್ಡಿನ ಮೇಲೇ ವಾರವಾರ ರಕ್ತ ಶುದ್ಧಿ ಮಾಡಿಸಿಕೊಂಡು ಬದುಕಿದ್ದ. ಒಬ್ಬಳು ಬರಲಾಗದಿದ್ದರೆ ಇನ್ನೊಬ್ಬಳು ಅವಳ ಕಲ್ಲಿನ ಮುಂದೆ ಕೂತು ಅವಳ ಹೆಸರಿಗೆ ಒಡೆಯುವುದು ಆ ಹೆಂಗಸರಲ್ಲಿ ಮೊದಲಿನಿಂದ ನಡೆದುಬಂದದ್ದು. ಮೇಸ್ತ್ರಿಗೂ ಗೊತ್ತು, ಬಕೆಟ್ಟು ತುಂಬಿದರೆ ಅವನು ಮುಖ ನೋಡುವುದಿಲ್ಲ. ಆದರೆ ಇವತ್ತು ಎಲ್ಲರೂ ತಂತಮ್ಮ ಕಲ್ಲಿನ ಮುಂದಿದ್ದಾರೆ. ಬಿಡುವಾಗಿರುವವಳು ಒಬ್ಬಳೇ.

"ನನ್ನ ಕೈ ಗೊತ್ತಲ್ಲ ನಿನಗೆ?" ಸುಧರ್ಮಾ ಬಟ್ಟೆ ಸುತ್ತಿದ ಎಡಗೈ ಎತ್ತಿ ತೋರಿಸಿದಳು. "ಸಿಮಿ ಅಲ್ಲಿ ಒಬ್ಬಳೇ ಇದ್ದಾಳೆ. ನನ್ನ ಕೇಳ್ಬೇಡ ತುಳಸಿ, ನಿನ್ನ ದಮ್ಮಯ್ಯ."

"ನಾನೆಲ್ಲಿ ಕೇಳ್ದೆ? ಹೇಳ್ದೆ ಅಷ್ಟೇ" ಎಂದು ತುಳಸಿ ಹೊರಟಳು. ಕೇಳಿದ್ದರೆ ಇಲ್ಲವೆಂದು ಜಗಳವಾಡಬಹುದಿತ್ತು. ಹೇಳಿ ಹೋದವಳ ಹತ್ತಿರ ಯಾವ ಜಗಳ?

ಸುಧರ್ಮಾ ಒಳಗೂ ಹೊರಗೂ ಓಡಾಡಿದಳು. ಹೆದರಿಕೆ ಒಂದಿದ್ದದ್ದು ಎರಡಾಯಿತು. ಕೊನೆಗೆ ಒಂದು ಉಪಾಯ ಹೊಳೆಯಿತು. ಬಲಗೈಗೆ ಹಸಿರು ಬಂದಾಗಿದೆ. ಅದು ಕೊಟ್ಟು ಮುಗಿದ ಕೈ. ಬೇಕಾಗಿರುವುದು ಎಡಗೈ ಮಾತ್ರ. ನಿಜಾಮ್ ಕೂಡ ಅದನ್ನೇ ಹೇಳಿದ್ದನಲ್ಲ! ಎಡಗೈಯಲ್ಲಿ ಕೊಡತಿ ಹಿಡಿದು ಬಲಗೈಯಲ್ಲಿ ಬೀಜ ಹಿಡಿದರಾಯಿತು.

ಕಾರ್ಖಾನೆಯಲ್ಲಿ ಅವಳನ್ನು ನೋಡಿ ಹೆಂಗಸರು ಹೋ ಎಂದರು. "ಬಂದ್ರಪ್ಪಾ ಸೌದಿ ರಾಣಿ! ಕೈಗೆ ಚೀಲ ಬೇರೆ!" ಎಡಗೈಗೆ ಪ್ಲಾಸ್ಟಿಕ್ ಚೀಲ ಕಟ್ಟಿಕೊಂಡು, ಸೊನೆ ತಾಗದಿರಲೆಂದು ಬಲಗೈಗೆ ಬೂದಿ ಬಳಿದುಕೊಂಡು ಅವಳು ಪೊನ್ನಮ್ಮನ ಕಲ್ಲಿನ ಮುಂದೆ ಕೂತಳು. ಎಡಗೈ ಏಟು ಎಲ್ಲೆಲ್ಲೋ ಬಿತ್ತು. ತಿರುಳು ಪುಡಿಯಾಯಿತು, ಬೆರಳಿಗೆ ಪೆಟ್ಟಾಯಿತು. ಮೇಸ್ತ್ರಿ ಬಕೆಟ್ಟಿನಲ್ಲಿ ಕೈಯಾಡಿಸಿ, "ಇದೇನು ಒಡೆದದ್ದಾ, ಅಗಿದು ಉಗುಳಿದ್ದಾ?" ಎಂದು ಬೈದ. ಬೈದರೂ ಹಾಜರಿ ಬರೆದುಕೊಂಡ. ಸಾಯಂಕಾಲ ಅಕ್ಕಪಕ್ಕದವರು ಎರಡೆರಡು ಹಿಡಿ ಇಡೀ ತಿರುಳು ಅವಳ ಬಕೆಟ್ಟಿಗೆ ಸುರಿದರು.

ಸೊನೆ ಕಂಡರಿಯದ ಬಲಗೈ ಮಾರನೇ ದಿನ ಉರಿಯಿತು. ಅದರ ಮಾರನೇ ದಿನ ತುದಿಗಳು ಕಪ್ಪಾದವು, ಬೊಬ್ಬೆ ಎದ್ದು ಒಡೆಯಿತು. ಉರಿದರೆ ಉರಿಯಲಿ, ಎಡಗೈ ಬಟ್ಟೆಯೊಳಗೆ ಸುಖವಾಗಿ ಮಲಗಿತ್ತು.

ಕೊಚ್ಚಿಯಲ್ಲಿ ಅವಳ ಹೆಸರು ಕೂಗಿದಾಗ ಎಡಗೈಯ ಬಟ್ಟೆ ಬಿಚ್ಚಿದಳು. ಗಾಜಿನ ಮೇಲೆ ಎಡಗೈ ಇಟ್ಟು ಕಣ್ಣು ಮುಚ್ಚಿಕೊಂಡಳು.

"ಬಂತು ಚೇಚಿ!" ಎಂದಳು ಅದೇ ಹುಡುಗಿ. ಹಸಿರು! ಸುಧರ್ಮಾಳ ಕಣ್ಣಲ್ಲಿ ನೀರು ಬಂತು. ಸೆರಗಿನಿಂದ ಒರೆಸಿಕೊಂಡು ಎದ್ದಳು.

"ಕೂತ್ಕೊಳ್ಳಿ, ಬಲಗೈ ಇಡಿ."

"ಅದು ಆವತ್ತೇ ಕೊಟ್ಟಿದ್ದೀನಲ್ಲ ಮೋಳೆ?" ಎಂದಳು, ಮಗಳನ್ನು ಕರೆಯುವ ಹಾಗೆ.

"ಆವತ್ತಿಂದು ಅರ್ಧಕ್ಕೆ ನಿಂತಿತ್ತಲ್ಲ, ಅಳಿಸಿ ಹೋಗುತ್ತೆ. ಪ್ರತೀ ಸಲ ಹತ್ತೂ ಬೆರಳು ಹೊಸದಾಗಿ ಕೊಡ್ಬೇಕು."

ಸುಧರ್ಮಾ ಬಲಗೈಯನ್ನು ಸೆರಗಿನಡಿ ಬಚ್ಚಿಟ್ಟಳು, ಕದ್ದ ಮಾಲಿದ್ದ ಹಾಗೆ. ಹುಡುಗಿ ಕೈಚಾಚಿ ಕಾದಳು. ಇಡದೆ ಗತಿಯಿರಲಿಲ್ಲ. ಸುಲಿದ ತುದಿಗಳು ಗಾಜಿಗೆ ತಗುಲಿ ಪ್ರಾಣ ಹೋಗುವಷ್ಟು ಉರಿಯಿತು. ಕೆಂಪು. ಮತ್ತೆ ಕೆಂಪು. ಹುಡುಗಿ ಒಳಗಿನಿಂದ ಮೇಲಿನವರನ್ನು ಕರೆತಂದಳು. ಅವರೂ ನೋಡಿದರು, ಯಾವತ್ತಾದರೂ ಸೌದಿಯಿಂದ ವಾಪಸು ಕಳಿಸಿದ್ದರಾ ಎಂದು ಕೇಳಿದರು. ಇಲ್ಲ ಸಾರ್, ಗೇರುಬೀಜ ಸಾರ್, ಎಂದು ಅವಳು ಅದನ್ನೇ ಹೇಳುತ್ತಾ ಹೋದಳು. ಅವರು ನಂಬಿದರು. ನಂಬಿದರೆ ಯಂತ್ರ ನಂಬುತ್ತದೆಯೇ? ಚರ್ಮ ಬೆಳೆದ ಮೇಲೆ ಬನ್ನಿ ಎಂದರು.

ಚರ್ಮ ಬೆಳೆಯುವ ಮೊದಲೇ ಸಿಮಿಗೆ ದಿನ ತುಂಬುತ್ತಿತ್ತು.

ಮೆಟ್ಟಿಲ ಮೇಲೆ ಕೂತಿರುವಾಗಲೇ ಫೋನು ಬಂತು. "ಆಯ್ತಾ ಅಮ್ಮ?"

ಸುಳ್ಳು ಹೇಳಲು ಬಾಯಿ ತೆರೆದಳು, ಬರಲಿಲ್ಲ. ಎಲ್ಲವನ್ನೂ ಹೇಳಿದಳು. ಸಿಮಿ ಒಂದೇ ಪ್ರಶ್ನೆ ಕೇಳಿದಳು.

"ಪೊನ್ನಮ್ಮ ಚೇಚಿಗೆ ಹಾಜರಿ ಸಿಕ್ತಾ?"

"ಸಿಕ್ತು."

"ಅವ್ರಿಗೆ ಹಾಜರಿ ಸಿಕ್ತು" ಎಂದಳು ಸಿಮಿ, ಅಳು ಒತ್ತಿಕೊಂಡು. "ನನಗೆ ನೀನು ಸಿಗ್ಲಿಲ್ಲ."

ಹೌದು ಎಂದಳು ಸುಧರ್ಮಾ. ಗೊತ್ತಿರಲಿಲ್ಲ ಮೋಳೆ ಎನ್ನಬಹುದಿತ್ತು, ಅದೂ ನಿಜವೇ. ಆದರೆ ಪೊನ್ನಮ್ಮನ ಕಲ್ಲಿನ ಮುಂದೆ ಹೋಗಿ ಕೂತಿದ್ದು ಅವಳೇ.

"ಅಮ್ಮ, ಫೋನಿಡ್ಬೇಡ."

"ಇಡಲ್ಲ."

"ರಾತ್ರಿನೂ ಇಡ್ಬೇಡ. ನಾನು ಚಿಲಕ ಹಾಕಲ್ಲ. ಏನಾದ್ರೂ ಆದ್ರೆ ಕೂಗ್ತೀನಿ, ನೀನು ಅಲ್ಲಿಂದ ನಮ್ಮ ಪಕ್ಕದ ಮನೆ ಚೇಚಿಗೆ ಫೋನ್ ಮಾಡು."

"ಮಾಡ್ತೀನಿ ಮೋಳೆ. ನಂಬರು ಹೇಳು."

ಸಿಮಿ ಹೇಳಿದಳು. ಕಾಗದ ಪೆನ್ನು ಇರಲಿಲ್ಲ. ಸುಧರ್ಮಾ ಅಂಕಿಗಳನ್ನು ಒಂದೊಂದಾಗಿ ತಿರುಗಿ ಹೇಳಿದಳು, ಮರೆತುಹೋದೀತೆಂಬ ಭಯಕ್ಕೆ ಮತ್ತೆ ಮೊದಲಿನಿಂದ ಹೇಳಿದಳು. ಬಸ್ಸಿನಲ್ಲಿ ಕೊಲ್ಲಂ ಬರುವವರೆಗೂ, ಫೋನನ್ನು ಎರಡೂ ಕೈಯಲ್ಲಿ ಕಿವಿಗೊತ್ತಿಕೊಂಡು, ಅವಳ ತುಟಿ ಅದನ್ನೇ ಹೇಳುತ್ತಿತ್ತು.