ಇನ್ನೆಸ್ ಕೌವಿಯ ಜನ್ಮದಿನ

ಶನಿವಾರ ಮಧ್ಯಾಹ್ನ ಒಂದು ಗಂಟೆ ಇಪ್ಪತ್ತು ನಿಮಿಷಕ್ಕೆ, ಆಟ ಶುರುವಾಗಲು ಇನ್ನೂ ನೂರು ನಿಮಿಷ ಇರುವಾಗ, ಇನ್ನೆಸ್ ಕೌವಿ ಕಾರ್ನ್‌ಬ್ರೇ ಫುಟ್‌ಬಾಲ್ ಕ್ಲಬ್ಬಿನ ಖಾಲಿ ಮೈದಾನದಲ್ಲಿ ಗೋಲಿನ ಗೆರೆಯಿಂದ ಪೆನಾಲ್ಟಿ ಗೆರೆಯವರೆಗೆ ಹೆಜ್ಜೆ ಹಾಕಿ ಅಳೆಯುತ್ತಿದ್ದ. ಹದಿನೆಂಟು ಗಜ ಇರಬೇಕು, ಇತ್ತು. ಹೋದ ವಾರವೂ ಇತ್ತು, ಐದು ವರ್ಷಗಳಿಂದ ಪ್ರತಿ ವಾರವೂ ಇತ್ತು. ಆದರೂ ಅಳೆದ, ತಲೆಯಾಡಿಸಿದ, ಮತ್ತೊಂದು ಗೋಲಿನ ಕಡೆಗೆ ನಡೆದ.

ಆಟಗಾರರು ಮೈದಾನಕ್ಕೆ ಬರುವ ಸುರಂಗದ ಬಾಯಲ್ಲಿ ನಿಂತು ಅವನನ್ನು ನೋಡುತ್ತಿದ್ದವನು ಎಬೆನ್ ಗಿಲ್‌ಕ್ರಿಸ್ಟ್, ಕ್ಲಬ್ಬಿನ ತರಬೇತುದಾರ. ಆಟಗಾರರ ಕಾಲು ಒತ್ತುವುದು, ಗಾಯಕ್ಕೆ ತಣ್ಣೀರಿನ ಸ್ಪಂಜು ಹಿಡಿಯುವುದು, ಪ್ರತಿ ಸೋಮವಾರ ಒಬ್ಬೊಬ್ಬರ ತೊಡೆಯ ಸುತ್ತಳತೆಯನ್ನು ಪುಸ್ತಕದಲ್ಲಿ ಬರೆದಿಡುವುದು ಅವನ ಕೆಲಸ. ಕೌವಿಗೆ ಮೈದಾನದ ಮೇಲೆ ಗುಮಾನಿ, ಎಬೆನ್‌ಗೆ ಕೌವಿಯ ಮೇಲೆ ಗುಮಾನಿ.

ಗುಮಾನಿ ಹುಟ್ಟಿದ್ದು ಅಂಗೈಯಲ್ಲಿ. ಇಪ್ಪತ್ತೆರಡು ವರ್ಷ ಮಂಡಿ ಒತ್ತಿದ ಕೈಗೆ ಮೂವತ್ತರ ಮಂಡಿ ಯಾವುದು, ಮೂವತ್ತೈದರದು ಯಾವುದು ಎಂದು ಯಾರೂ ಹೇಳಿಕೊಡಬೇಕಾಗಿರಲಿಲ್ಲ. ಕ್ಲಬ್ಬಿನ ಕಾಗದದಲ್ಲಿ ಕೌವಿ ಹುಟ್ಟಿದ್ದು ೧೯೨೧ರ ಜನವರಿ ಐದರಂದು. ಆದರೆ ಅವನ ಎಡಮಂಡಿಯನ್ನು ಮಡಿಸಿದರೆ ಓಟ್ಸ್ ರೊಟ್ಟಿ ಮುರಿದ ಸದ್ದು ಬರುತ್ತಿತ್ತು.

ಉಳಿದ ಸಾಕ್ಷ್ಯಗಳೂ ಒಂದೊಂದಾಗಿ ಸೇರಿದ್ದವು. ಸೈನ್ಯದ ದಪ್ಪ ಕೋಟಿಗೆ ಕಡುನೀಲಿ ಬಣ್ಣ ಹಾಕಿಸಿ ಮೇ ತಿಂಗಳಲ್ಲೂ ತೊಡುತ್ತಿದ್ದ. ಅದರ ಬಲಜೇಬಿನಲ್ಲಿ ಯಾವಾಗಲೂ ಒಂದು ತುಂಡು ಒಣ ಬ್ರೆಡ್ಡು. ನಡಿಗೆ ಗಿಡ್ಡ ಹೆಜ್ಜೆಯದು, ಮುಂದಿನವನ ಹಿಮ್ಮಡಿ ತುಳಿಯಬಾರದೆಂಬಂತೆ. ಮಾತಿನ ಕೊನೆಗೊಂದು ಬಾಲ ಇರುತ್ತಿತ್ತು. "ಇವತ್ತು ಶನಿವಾರ, ಅಂತ ಹೇಳ್ತಾರೆ." "ಎಲ್‌ಸ್ಪೆತ್‌ಗೆ ಎರಡನೇದೂ ಹೆಣ್ಣು, ಅಂತ ಹೇಳ್ತಾರೆ." ತನ್ನ ಹೆಂಡತಿ ಹೆತ್ತ ಮಗುವಿನ ವಿಷಯಕ್ಕೂ ಅವನು ತಾನೇ ಜಾಮೀನು ನಿಲ್ಲುತ್ತಿರಲಿಲ್ಲ.

ಬಟ್ಟೆ ಬದಲಿಸುವ ಕೋಣೆಯಲ್ಲಿ ಹುಡುಗಾಟಕ್ಕೆ ಕೊರತೆಯಿರಲಿಲ್ಲ. ಬಲಪಕ್ಕದಲ್ಲಿ ಆಡುವ ಟ್ಯಾಮ್ ರಾಫರ್ಟಿ ಒಮ್ಮೆ ಬೂಟು ಕಟ್ಟುತ್ತ ಕೇಳಿದ: "ತಾತ, ಐವತ್ತು ವರ್ಷದ ಹಿಂದಿನ ಬೋಯರ್ ಯುದ್ಧದಾಗ ಯಾವ ಜಾಗದಲ್ಲಿ ಆಡ್ತಿದ್ದೆ ನೀನು?"

"ಎಡಗಡೆ, ಹಿಂದೆ," ಎಂದ ಕೌವಿ. "ಅಂತ ಹೇಳ್ತಾರೆ."

ಕೋಣೆಯೆಲ್ಲ ನಕ್ಕಿತು. ಎಬೆನ್ ನಗಲಿಲ್ಲ. ಇಷ್ಟು ಬೇಗ ಉತ್ತರ ಕೊಟ್ಟವನು ಮೊದಲೇ ಉತ್ತರ ಹುಡುಕಿಟ್ಟುಕೊಂಡಿರಬೇಕು ಎಂದುಕೊಂಡ.

ಆದರೆ ಆಟ ಮಾತ್ರ ಅವನದೇ. ಎಡಗಡೆಯ ಹಿಂದಿನ ರಕ್ಷಣಾ ಆಟಗಾರನಾಗಿ ಅವನು ಓಡಿದ್ದು ಕಡಿಮೆ, ಚೆಂಡು ಬರುವ ಜಾಗದಲ್ಲಿ ಮೊದಲೇ ನಿಂತಿದ್ದೇ ಹೆಚ್ಚು. ಎದುರಾಳಿಯ ಭುಜ ಬಲಕ್ಕೆ ವಾಲಿದರೆ ಎಲ್ಲರೂ ಬಲಕ್ಕೆ ಹೋಗುತ್ತಿದ್ದರು. ಕೌವಿ ಭುಜವನ್ನು ನಂಬುತ್ತಿರಲಿಲ್ಲ, ಕಣ್ಣನ್ನೂ ನಂಬುತ್ತಿರಲಿಲ್ಲ, ಆ ಮನುಷ್ಯ ನಿಜವಾಗಿ ಕಾಲು ಊರುವವರೆಗೆ ಕಾದು ಆಮೇಲೆ ಚೆಂಡನ್ನು ಸುಮ್ಮನೆ ತೆಗೆದುಕೊಳ್ಳುತ್ತಿದ್ದ, ಅಂಗಡಿಯ ಮೇಜಿನ ಮೇಲಿಂದ ತನ್ನ ಸಾಮಾನು ಎತ್ತಿಕೊಂಡ ಹಾಗೆ.

೧೯೫೧ರ ಏಪ್ರಿಲ್‌ನಲ್ಲಿ ಕ್ಲಬ್ಬಿನ ಅಧ್ಯಕ್ಷ ಕ್ರೈಟನ್ ಎಬೆನ್‌ನನ್ನು ಕರೆದ. ತಿಂಗಳ ಕೊನೆಯ ಶನಿವಾರ ಉಳಿಸಿಕೊಂಡವರ ಪಟ್ಟಿ ಬಾಗಿಲಿಗೆ ಅಂಟಿಸಬೇಕು. ಹೆಸರಿದ್ದವನಿಗೆ ಇನ್ನೊಂದು ವರ್ಷ, ಹೆಸರಿಲ್ಲದವನಿಗೆ ಬಿಡುಗಡೆ. ಮೂವತ್ಮೂರು ದಾಟಿದವರನ್ನು ಕಾರ್ನ್‌ಬ್ರೇ ಇಟ್ಟುಕೊಳ್ಳುತ್ತಿರಲಿಲ್ಲ.

"ಐದು ವರ್ಷದಿಂದ ಅವನ ಕಾಲು ಒತ್ತೋನು ನೀನು," ಎಂದ ಕ್ರೈಟನ್. "ಕೌವಿ ವಯಸ್ಸು ನಿಜವಾಗ್ಲೂ ಎಷ್ಟು?"

"ಕಾಗದದಾಗೆ ಮೂವತ್ತು."

"ಕಾಗದ ನಾನೂ ಓದ್ತೀನಪ್ಪ. ಹೊಸ ಹುಡುಗ ಒಬ್ಬ ಬರ್ತಾನೆ, ಮದುವೆ ಆಗಿದೆ, ಅವನಿಗೆ ಕೌವಿ ಇರೋ ಮನೆ ಬೇಕು. ವಿಚಾರಿಸಿ ಶುಕ್ರವಾರ ಐದು ಗಂಟೆಗೆ ಹೇಳು."

ಕೌವಿಯ ಮನೆ ಕ್ಲಬ್ಬಿನದು. ಬಿಡುಗಡೆಯಾದವನು ಮೇ ಮುಗಿಯುವುದರೊಳಗೆ ಬೀಗದ ಕೈ ಒಪ್ಪಿಸಬೇಕು. ಪುರಸಭೆಯ ಮನೆಗೆ ಎಲ್‌ಸ್ಪೆತ್ ಹೆಸರು ಬರೆಸಿದ್ದಳು. ಅವಳ ಸರದಿ ಬರಲು ಇನ್ನೂ ಹತ್ತು ತಿಂಗಳು ಎಂದು ಕಛೇರಿಯವರು ಹೇಳಿದ್ದರು. ಇದೆಲ್ಲ ಎಬೆನ್‌ಗೆ ಗೊತ್ತಿತ್ತು. ಗೊತ್ತಿದ್ದೂ ಕೌವಿ ಹುಟ್ಟಿದ, ಉತ್ತರದ ಕಡಲತೀರದ ಮೀನುಗಾರರ ಹಳ್ಳಿಯ ಜನನ ನೋಂದಣಿ ಗುಮಾಸ್ತನಿಗೆ ಪತ್ರ ಬರೆದ, ಏಕೆಂದರೆ ಗೊತ್ತಿಲ್ಲದೆ ಇರುವುದನ್ನು ಅವನು ಸಹಿಸಲಾರ.

ಗುರುವಾರ ಉತ್ತರ ಬಂತು. ಇನ್ನೆಸ್ ಕೌವಿ, ಜನನ ೧೯೧೬ರ ಮಾರ್ಚ್ ಮೂರು. ಮೂವತ್ತೈದು ವರ್ಷ. ಅಂಗೈ ಹೇಳಿದ್ದು ಸರಿಯಾಗಿತ್ತು, ಆದರೆ ಎಬೆನ್‌ಗೆ ಸಮಾಧಾನವಾಗಲಿಲ್ಲ. ಸುಳ್ಳಿಗೂ ಒಂದು ಕ್ರಮ ಬೇಕು, ಈ ಸುಳ್ಳಿಗೆ ಕ್ರಮ ಕಾಣಲಿಲ್ಲ.

ಶುಕ್ರವಾರ ನಾಲ್ಕು ಗಂಟೆಗೆ ಕೌವಿ ಒತ್ತುವ ಮೇಜಿನ ಮೇಲೆ ಮಲಗಿದ್ದಾಗ ಎಬೆನ್ ಆ ಕಾಗದವನ್ನು ಅವನ ಎದೆಯ ಮೇಲಿಟ್ಟ. ಕೌವಿ ಓದಿದ. ಇದ್ದ ಮಡಿಕೆಗೇ ಮಡಿಸಿದ.

"ಮೇಲೆ ಕೊಟ್ಟಾಯ್ತಾ?"

"ಇನ್ನೂ ಇಲ್ಲ. ಮೊದಲು ಒಂದು ಹೇಳು. ವಯಸ್ಸು ಕದಿಯೋ ಆಟಗಾರರನ್ನ ನಾನು ಬೇಕಾದಷ್ಟು ನೋಡಿದೀನಿ. ಹುಟ್ಟಿದ ದಿನ ಹಾಗೇ ಇಟ್ಟು ವರ್ಷ ತಿದ್ದುತಾರೆ. ನೀನು ತಿಂಗಳೂ ಬದಲಿಸಿದೀಯ, ದಿನಾನೂ ಬದಲಿಸಿದೀಯ. ಜನವರಿ ಐದು ಎಲ್ಲಿಂದ ತಂದೆ ಮಾರಾಯ?"

ಕೌವಿ ಎದ್ದು ಕುಳಿತ.

"ನಲವತ್ತರ ಜೂನ್ ಹನ್ನೆರಡಕ್ಕೆ ಫ್ರಾನ್ಸಿನ ಕಡಲ ದಂಡೆ ಮೇಲೆ ಜರ್ಮನ್ನರು ನಮ್ಮ ಕೈ ಮೇಲೆತ್ತಿಸಿದ್ರು. ನಲವತ್ತೈದರ ಏಪ್ರಿಲ್ ಹದಿನಾರಕ್ಕೆ ನಮ್ಮ ಕಡೆಯೋರು ಬಂದು ಸೆರೆಶಿಬಿರದ ಬೇಲಿ ಕತ್ತರಿಸಿದ್ರು. ನಡುವೆ ಇದ್ದದ್ದು ನಾನು ಬದುಕಿದ್ದಲ್ಲ ಎಬೆನ್. ಅವರು ಇಟ್ಕೊಂಡಿದ್ದು. ಬೇಕಾದ್ರೆ ಅವರ ವಯಸ್ಸಿಗೆ ಸೇರಿಸ್ಕೊಳ್ಲಿ."

ಎಬೆನ್ ಪೆನ್ಸಿಲ್ ತೆಗೆದ. ನಂಬುವುದು ಅವನ ಸ್ವಭಾವವಲ್ಲ. ಸೆರೆಯ ದಿನಗಳನ್ನು ತೊಡೆಯ ಅಳತೆಯ ಪುಸ್ತಕದಲ್ಲಿ ತಿಂಗಳು ತಿಂಗಳಾಗಿ ಕೂಡಿದ, ಅಧಿಕ ವರ್ಷದ ದಿನವನ್ನೂ ಬಿಡದೆ. ಬಂದ ಮೊತ್ತವನ್ನು ಹದಿನಾರರ ಮಾರ್ಚ್ ಮೂರಕ್ಕೆ ಸೇರಿಸುತ್ತ ಹೋದ. ಪೆನ್ಸಿಲ್ ನಿಂತದ್ದು ಇಪ್ಪತ್ತೊಂದರ ಜನವರಿ ಐದರ ಮೇಲೆ. ಎರಡನೇ ಸಲ ಕೂಡಿದ. ಅಲ್ಲೇ ನಿಂತಿತು.

ಐದು ಗಂಟೆಗೆ ಕ್ರೈಟನ್ ಕೇಳಿದ: "ಉತ್ತರ ಬಂತಾ?"

"ಬಂತು."

"ಏನಂತೆ?"

"ಅವನು ಕೊಟ್ಟ ತಾರೀಖಿನಲ್ಲಿ ಒಂದು ದಿನದ ತಪ್ಪೂ ಇಲ್ಲ."

"ಮಂಡಿ?"

"ಮಂಡಿ ಹಳೇದು. ಆಡೋನಿಗೆ ಮೂವತ್ತು."

ಕ್ರೈಟನ್ ಪಟ್ಟಿಯನ್ನು ಎಳೆದುಕೊಂಡ. ಇಪ್ಪತ್ತೆರಡು ವರ್ಷದಲ್ಲಿ ಎಬೆನ್ ತಪ್ಪು ಅಳತೆ ಬರೆದದ್ದಿಲ್ಲ ಎಂಬುದು ಊರಿಗೇ ಗೊತ್ತಿದ್ದ ಮಾತು. ಶನಿವಾರ ಬಾಗಿಲಿನ ಪಟ್ಟಿಯಲ್ಲಿ ಕೌವಿಯ ಹೆಸರಿತ್ತು. ಮುಂದಿನ ಫೆಬ್ರವರಿಯಲ್ಲಿ ಎಲ್‌ಸ್ಪೆತ್‌ಗೆ ಪುರಸಭೆಯ ಮನೆಯ ಬೀಗದ ಕೈ ಸಿಕ್ಕಿತು. ಏಪ್ರಿಲ್‌ನಲ್ಲಿ ಕೌವಿ ತಾನಾಗಿಯೇ ಬಿಡುಗಡೆ ಕೇಳಿದ. ಆಮೇಲೆ ಗಣಿಯ ಬಾಯಲ್ಲಿ, ಕೆಲಸಗಾರರ ಪರವಾಗಿ ಕಲ್ಲಿದ್ದಲ ಬಂಡಿಗಳ ತೂಕ ಪರೀಕ್ಷಿಸುವವನಾದ. ತಕ್ಕಡಿಯನ್ನು ಅವನಷ್ಟು ಸಂಶಯಿಸಿದವರು ಹಿಂದೆ ಇರಲಿಲ್ಲವಂತೆ.

ಇಂಥವರನ್ನು ಸುಳ್ಳರೆನ್ನುವುದು ಸುಲಭ. ಆದರೆ ಸುಳ್ಳನು ತನಗೆ ಲಾಭವಾಗುವಷ್ಟು ಎತ್ತಿಕೊಳ್ಳುತ್ತಾನೆ. ಇವರು ತಮ್ಮಿಂದ ಹೋದಷ್ಟನ್ನೇ ಹಿಂದಕ್ಕೆ ಪಡೆದು ಅಲ್ಲಿಗೆ ಕೈ ತೊಳೆದುಕೊಳ್ಳುತ್ತಾರೆ. ಜಗತ್ತಿನ ಯಾವ ಅಳತೆಯನ್ನೂ ನಂಬದವರು ತಮ್ಮದೊಂದು ಅಳತೆಯನ್ನು ಇಷ್ಟು ನಿಷ್ಠೆಯಿಂದ ಕಾಯುವುದನ್ನು ಕಂಡಾಗ, ಅಪನಂಬಿಕೆಯೂ ಒಂದು ಬಗೆಯ ಪ್ರಾಮಾಣಿಕತೆಯೇ ಇರಬೇಕು ಅನ್ನಿಸುತ್ತದೆ. ಆ ಶುಕ್ರವಾರ ಎಬೆನ್ ಪೆನ್ಸಿಲ್ ಕೆಳಗಿಟ್ಟು, ತನ್ನ ಮೊತ್ತವನ್ನು ಅಂಗೈಯಿಂದ ಮುಚ್ಚಿ, "ಒಟ್ಟು ಎಷ್ಟು ದಿನ ಆಯ್ತು?" ಎಂದು ಕೇಳಿ ಪರೀಕ್ಷಿಸಿದ್ದ. ಬೂಟಿನ ದಾರ ಕಟ್ಟುತ್ತಿದ್ದ ಕೌವಿ ತಲೆ ಎತ್ತದೆ ಹೇಳಿದ್ದ: "ಸಾವಿರದ ಏಳುನೂರ ಅರವತ್ತೊಂಬತ್ತು."